ಬಿಯರ್ಡೆಡ್ ಡ್ರ್ಯಾಗನ್ ಏನು ಹೇಳುತ್ತಿದೆ? ಓಲೈಕೆ, ಜಗಳ, ಭಯ ಗುರುತಿಸಲು ಸಮಗ್ರ ಮಾರ್ಗದರ್ಶಿ

ಬಿಯರ್ಡೆಡ್ ಡ್ರ್ಯಾಗನ್ ಅಂದರೆ ಗಂಟಲಡಿಯ ಚರ್ಮವನ್ನು ಗಡ್ಡದಂತೆ ಉಬ್ಬಿಸುವ, ಓತಿಕ್ಯಾತನಂಥ ಹಲ್ಲಿ. ಇದನ್ನು ಸಾಕುವವರಿಂದ ಎರಡು ಪ್ರಶ್ನೆ ಮತ್ತೆ ಮತ್ತೆ ಬರುತ್ತವೆ. “ನಮ್ಮ ಗಂಡು ಗಡ್ಡ ಕಪ್ಪು ಮಾಡಿಕೊಂಡು ತಲೆ ಕುಣಿಸುತ್ತಿದೆ, ಜೊತೆಗೊಂದು ಹೆಣ್ಣು ತಂದುಬಿಡಲೇ?” ಅನ್ನುವುದು ಒಂದು. “ಎರಡೂ ಒಂದರ ಮೇಲೊಂದು ಮಲಗುತ್ತವೆ, ತುಂಬಾ ಅನ್ಯೋನ್ಯವಾಗಿವೆ, ಆದರೂ ಚಿಕ್ಕದು ಯಾಕೆ ಸೊರಗುತ್ತಿದೆ?” ಅನ್ನುವುದು ಇನ್ನೊಂದು. ಎರಡರ ಹಿಂದೆಯೂ ಇರುವುದು ಒಂದೇ ತಪ್ಪು: ಒಂದೇ ಒಂದು ಸಂಜ್ಞೆ ನೋಡಿ ಪೂರ್ತಿ ಅರ್ಥ ಕಟ್ಟಿಬಿಡುವುದು.

ಕಪ್ಪು ಗಡ್ಡಕ್ಕೆ ಓಲೈಕೆ ಕಾರಣವಿರಬಹುದು, ಸಿಟ್ಟಿರಬಹುದು, ಭಯವಿರಬಹುದು, ಹೊಟ್ಟೆನೋವೂ ಇರಬಹುದು. ಯಾವುದು ಅಂತ ಗೊತ್ತಾಗಬೇಕಾದರೆ ಅದಕ್ಕೆ ಮುಂಚೆ ಏನಾಯಿತು, ಅದೇ ಹೊತ್ತಿಗೆ ಮೈಯ ಉಳಿದ ಭಾಗ ಏನು ಮಾಡುತ್ತಿತ್ತು, ಆಮೇಲೆ ಏನಾಯಿತು ಎಂಬ ಮೂರನ್ನೂ ನೋಡಬೇಕು. ಕಾರಣ ಹುಡುಕುವಾಗಲೂ ಒಂದು ಕ್ರಮವಿದೆ. ಮೊದಲು ಬಿಸಿ, ಆಮೇಲೆ ಗಾಜಿನ ಪ್ರತಿಬಿಂಬ, ಆಮೇಲೆ ಆರೋಗ್ಯ, ಕಟ್ಟಕಡೆಗೆ ಇನ್ನೊಂದು ಪ್ರಾಣಿಯ ಜೊತೆಗಿನ ಸಂಬಂಧ. ಹೆಚ್ಚಿನವರು ಈ ಕ್ರಮವನ್ನು ತಲೆಕೆಳಗು ಮಾಡಿ, ಸಂಬಂಧದಿಂದಲೇ ಶುರುಮಾಡುತ್ತಾರೆ.

ಇಲ್ಲಿ ಹೇಳಿರುವುದು ಮನೆಗಳಲ್ಲಿ ಸಾಮಾನ್ಯವಾಗಿ ಸಾಕುವ ಪೊಗೋನಾ ವಿಟ್ಟಿಸೆಪ್ಸ್ ಜಾತಿಯ ಬಗ್ಗೆ. ಇದು ಆಸ್ಟ್ರೇಲಿಯಾದ ಒಳನಾಡಿನ ಒಣ ಪ್ರದೇಶದ್ದು. ಕಾಡಿನಲ್ಲಿ ಒಂಟಿಯಾಗಿ ಬದುಕುತ್ತದೆ, ಗಂಡುಗಳು ತಮ್ಮ ಜಾಗಕ್ಕಾಗಿ ಕಾದಾಡುತ್ತವೆ. ಮುಂದಿನ ಪ್ರತಿ ಹಂತದಲ್ಲೂ ಈ ಒಂಟಿತನ ನೆನಪಿರಲಿ.

## ಮೊದಲೇ ಕೈಯಲ್ಲಿರಬೇಕಾದವು

ಮೇಲ್ಮೈಯ ಬಿಸಿ ಅಳೆಯಲು ಇನ್‌ಫ್ರಾರೆಡ್ ಥರ್ಮಾಮೀಟರ್, ಗಾಳಿಯ ಬಿಸಿ ಅಳೆಯಲು ತಂತಿಯಿರುವ ಡಿಜಿಟಲ್ ಥರ್ಮಾಮೀಟರ್, ಗ್ರಾಂ ಲೆಕ್ಕದಲ್ಲಿ ತೂಕ ತೋರಿಸುವ ತಕ್ಕಡಿ, ಒಂದು ನೋಟ್‌ಬುಕ್, ವಿಡಿಯೊ ತೆಗೆಯಲು ಫೋನ್, ಗಾಜು ಮುಚ್ಚಲು ದಪ್ಪ ರಟ್ಟು, ಜಗಳ ಬಿಡಿಸಲು ದಪ್ಪ ಟವೆಲ್.

ಎರಡು ಡ್ರ್ಯಾಗನ್ ಇದ್ದರೆ ದೀಪ, ಬಿಸಿ ಎಲ್ಲ ಇರುವ ಎರಡು ಪೂರ್ಣ ಟ್ಯಾಂಕ್ (ಗಾಜಿನ ಗೂಡು) ಬೇಕೇ ಬೇಕು. ಎರಡನೆಯ ಟ್ಯಾಂಕ್ ಇಲ್ಲದವರು ಐದನೆಯ ಹಂತ ದಾಟಿ ಮುಂದೆ ಹೋಗಬೇಡಿ.

## ಹಂತ 1: ಟ್ಯಾಂಕ್ ಸರಿಮಾಡಿ, ಆಮೇಲೆ ನಡವಳಿಕೆ ನೋಡಿ

ಬಿಸಿ ತಪ್ಪಿದ ಟ್ಯಾಂಕಿನಲ್ಲಿ ಡ್ರ್ಯಾಗನ್‌ನ ನಡವಳಿಕೆ ನಿಮಗೆ ಏನನ್ನೂ ಸರಿಯಾಗಿ ಹೇಳುವುದಿಲ್ಲ. ಮೈ ಕಾಯಿಸಿಕೊಳ್ಳುವ ಜಾಗದ ಮೇಲ್ಮೈ 38ರಿಂದ 42 ಡಿಗ್ರಿ ಸೆಲ್ಸಿಯಸ್ ಇರಲಿ, ತಂಪು ಬದಿ 24ರಿಂದ 29. ಯುವಿಬಿ (ಬಿಸಿಲಿನಲ್ಲಿರುವಂಥ ನೇರಳಾತೀತ ಕಿರಣ) ಕೊಡುವ ಉದ್ದನೆಯ ಟ್ಯೂಬ್ ಇರಲಿ. ಟ್ಯೂಬ್ ಬೆಳಗುತ್ತಿದ್ದರೂ ಅದರ ಯುವಿಬಿ ಕಾಲಕ್ರಮೇಣ ಕುಗ್ಗುತ್ತದೆ, ಹಾಗಾಗಿ ತಯಾರಕರು ಹೇಳಿದ ಅವಧಿಗೆ ಬದಲಿಸಿ. ಬೆಳೆದ ಒಂದು ಡ್ರ್ಯಾಗನ್‌ಗೆ ಕನಿಷ್ಠ 120 ಸೆಂ.ಮೀ. ಉದ್ದ, 60 ಸೆಂ.ಮೀ. ಅಗಲದ ಜಾಗ ಬೇಕು.

ಬೆಳಿಗ್ಗೆ ದೀಪ ಹತ್ತಿದ ಕೂಡಲೇ ಬೆನ್ನು ಕಪ್ಪಾಗುವುದನ್ನು ಕಂಡು ಗಾಬರಿಯಾಗುವವರಿದ್ದಾರೆ. ಅದು ಬಿಸಿ ಹೀರಿಕೊಳ್ಳುವ ಉಪಾಯ. ಮೈ ಕಾದ ಮೇಲೆ ಬೆನ್ನು ತಿಳಿಯಾಗುತ್ತದೆ. ಬೆನ್ನಿನ ಬಣ್ಣ ಮುಖ್ಯವಾಗಿ ಬಿಸಿಗೆ ಸಂಬಂಧಿಸಿದ್ದು, ಗಡ್ಡ ಮತ್ತು ಎದೆಯ ಬಣ್ಣ ಮುಖ್ಯವಾಗಿ ಇನ್ನೊಂದು ಪ್ರಾಣಿಗೆ ತೋರಿಸುವಂಥದ್ದು. ಈ ಒಂದು ವ್ಯತ್ಯಾಸ ಗೊತ್ತಿದ್ದರೆ ಅರ್ಧ ಗೊಂದಲ ಕಳೆಯುತ್ತದೆ.

ಇನ್ನು ಗಾಜು. ಟ್ಯಾಂಕ್ ಒಳಗೆ ಬೆಳಕಿದ್ದು ಕೋಣೆ ಕತ್ತಲಾಗಿದ್ದರೆ ಗಾಜು ಕನ್ನಡಿಯಾಗುತ್ತದೆ. ಡ್ರ್ಯಾಗನ್‌ಗೆ ಅಲ್ಲಿ ಕಾಣುವುದು ತನ್ನ ಬಿಂಬವಲ್ಲ, ತನ್ನ ಜಾಗಕ್ಕೆ ಬಂದು ಹೋಗದೇ ನಿಂತ ಇನ್ನೊಬ್ಬ ಗಂಡು. ಮೂರು ಬದಿಗೆ ಹೊರಗಿನಿಂದ ರಟ್ಟು ಕಟ್ಟಿ. ಕೋಣೆಯ ಆ ಕಡೆ ಇನ್ನೊಂದು ಟ್ಯಾಂಕ್ ಇದ್ದರೆ ಎರಡಕ್ಕೂ ಪರಸ್ಪರ ಕಾಣದಂತೆ ಮರೆಮಾಡಿ. “ಹೆಣ್ಣಿಗಾಗಿ ಹಾತೊರೆಯುತ್ತಿದೆ” ಅಂದುಕೊಂಡ ಎಷ್ಟೋ ಗಂಡುಗಳು ಈ ಒಂದು ರಟ್ಟಿನಿಂದ ತಣ್ಣಗಾಗುತ್ತವೆ.

## ಹಂತ 2: ಒಂಟಿಯಾಗಿರುವಾಗ ಅದರ ಸಹಜ ದಿನಚರಿ ಬರೆದಿಡಿ

ಎರಡು ವಾರ ಏನನ್ನೂ ಬದಲಿಸದೆ ನೋಡಿ. ಹೊತ್ತು, ಬಿಸಿ, ಏನು ಮಾಡಿತು, ಮುಂಚೆ ಏನಾಗಿತ್ತು, ಆಮೇಲೆ ಏನಾಯಿತು, ಇಷ್ಟು ಬರೆಯಿರಿ. ವಾರಕ್ಕೊಮ್ಮೆ ಒಂದೇ ಹೊತ್ತಿಗೆ ತೂಕ ನೋಡಿ. ತಿಂದದ್ದು, ಮಲ ಹಾಕಿದ್ದು ದಾಖಲಾಗಲಿ.

ನೀವು ಎದುರಿಗೆ ಕೂತಿದ್ದರೆ ನೀವೇ ಒಂದು ಕಾರಣ. ಅದಕ್ಕೇ ಫೋನ್ ಇಟ್ಟು ಹೊರಗೆ ಬನ್ನಿ. ಜನರಿಲ್ಲದಾಗಿನ ವಿಡಿಯೊದಲ್ಲಿ ಬೇರೆಯೇ ಪ್ರಾಣಿ ಕಂಡಂತಾಗುವುದುಂಟು.

ಈ ದಾಖಲೆ ಬೇಜಾರಿನ ಕೆಲಸ, ಎಲ್ಲರೂ ಬಿಟ್ಟುಬಿಡುವ ಹಂತವೂ ಇದೇ. ಆದರೆ ನಿಮ್ಮ ಡ್ರ್ಯಾಗನ್ ದಿನಕ್ಕೊಮ್ಮೆ ಸುಮ್ಮನೆ ತಲೆ ಕುಣಿಸುವ ಜಾತಿಯೋ, ಎಂದೂ ಕುಣಿಸದ್ದು ಇವತ್ತು ಕುಣಿಸಿತೋ ಎಂಬುದು ಗೊತ್ತಿಲ್ಲದೆ ಮುಂದಿನ ಯಾವ ಸಂಜ್ಞೆಗೂ ತೂಕವಿಲ್ಲ.

## ಹಂತ 3: ಸಂಜ್ಞೆಗಳನ್ನು ಜೋಡಿಸಿ ಓದಿ

ತಲೆ ಕುಣಿಸುವುದು. ವೇಗ ನೋಡಿ. ಬಿರುಸಾಗಿ, ಜೋರಾಗಿ, ಕೆಲವೊಮ್ಮೆ ಇಡೀ ಮುಂಭಾಗ ಮೇಲೆ ಕೆಳಗೆ ಆಗುವಂತೆ ಕುಣಿಸಿದರೆ ಅದು ಗಂಡಿನ ಘೋಷಣೆ: ಎದುರಿಗೆ ಗಂಡಿದ್ದರೆ ಸವಾಲು, ಹೆಣ್ಣಿದ್ದರೆ ಓಲೈಕೆ. ಬೇಲಿಯ ಮೇಲೆ ಕೂತು ತಲೆ ಕುಣಿಸುವ ಓತಿಕ್ಯಾತನನ್ನು ಕಂಡವರಿಗೆ ಇದು ಹೊಸದಲ್ಲ, ಎರಡೂ ಅಗಾಮಿಡೇ ಕುಟುಂಬದವೇ. ನಿಧಾನವಾಗಿ, ಒಂದೆರಡು ಸಲ ತಲೆ ತಗ್ಗಿಸಿ ಎತ್ತಿದರೆ ಅದು ಎದುರಿನದಕ್ಕೆ ಮಣಿಯುವ ಗುರುತು. ಹೆಣ್ಣೂ ಒಮ್ಮೊಮ್ಮೆ ಬಿರುಸಾಗಿ ಕುಣಿಸುವುದುಂಟು, ಆದ್ದರಿಂದ ಇದರಿಂದಲೇ ಲಿಂಗ ತೀರ್ಮಾನಿಸಬೇಡಿ.

ಕೈ ಬೀಸುವುದು. ಒಂದು ಮುಂಗಾಲು ಎತ್ತಿ ನಿಧಾನವಾಗಿ ಸುತ್ತಿಸುತ್ತದೆ. ನೋಡಲು ಮುದ್ದಾಗಿದೆ, ಹಾಗಾಗಿ ವಿಡಿಯೊ ಮಾಡಿ ಖುಷಿಪಡುತ್ತೇವೆ. ಅದು ಹೇಳುತ್ತಿರುವುದು “ನಿನ್ನನ್ನು ನೋಡಿದ್ದೇನೆ, ನಿನ್ನ ತಂಟೆಗೆ ಬರುವುದಿಲ್ಲ” ಎಂದು. ಮರಿಗಳಲ್ಲಿ, ಹೆಣ್ಣುಗಳಲ್ಲಿ ಹೆಚ್ಚು. ಅಪರೂಪಕ್ಕೆ ಕಂಡರೆ ತೊಂದರೆಯಿಲ್ಲ. ದಿನವಿಡೀ ಬೀಸುತ್ತಿದ್ದರೆ ಯಾವುದೋ ಒಂದಕ್ಕೆ ಹೆದರಿ ಬದುಕುತ್ತಿದೆ. ಎದುರಿನ ಟ್ಯಾಂಕ್, ಬೆಕ್ಕು, ಪ್ರತಿಬಿಂಬ ಯಾವುದೆಂದು ಹುಡುಕಿ ತೆಗೆಯಿರಿ.

ಗಡ್ಡ. ಉಬ್ಬಿದೆಯೋ, ಕಪ್ಪಾಗಿದೆಯೋ, ಎರಡೂ ಆಗಿದೆಯೋ ಬೇರೆ ಬೇರೆ ನೋಡಿ. ಎದ್ದ ಮೇಲೆ ಗಡ್ಡ ಒಮ್ಮೆ ಉಬ್ಬಿಸಿ ಇಳಿಸುವುದು ಬರೀ ಮೈಮುರಿಯುವಿಕೆ. ಕಪ್ಪಾಗಿ, ಉಬ್ಬಿ, ಬಾಯಿ ತೆರೆದು, ಮೈ ಚಪ್ಪಟೆ ಮಾಡಿ ದೊಡ್ಡದಾಗಿ ಕಾಣುವಂತೆ ನಿಂತರೆ ಎಚ್ಚರಿಕೆ, ಕೈ ಹಾಕಬೇಡಿ. ಕಪ್ಪಾಗಿದ್ದು ಜೊತೆಗೆ ಬಿರುಸು ತಲೆ ಕುಣಿತ, ಕಾಲು ನೆಲಕ್ಕೆ ಬಡಿಯುವುದು, ಓಡಾಟ ಇದ್ದರೆ ಓಲೈಕೆ ಅಥವಾ ಸವಾಲು. ಕಪ್ಪಾಗಿದ್ದೂ ಪ್ರಾಣಿ ಸಪ್ಪೆಯಾಗಿ ಒಂದೆಡೆ ಬಿದ್ದಿದ್ದರೆ, ಊಟ ಬಿಟ್ಟಿದ್ದರೆ, ಗಂಟೆಗಟ್ಟಲೆ ಬಣ್ಣ ಇಳಿಯದಿದ್ದರೆ ಅದನ್ನು ನೋವು ಅಥವಾ ಕಾಯಿಲೆ ಅಂತಲೇ ಹಿಡಿದು ವೈದ್ಯರ ಬಳಿ ಹೋಗಿ. ಈ ಕೊನೆಯದನ್ನು ‘ಮದ’ ಅಂದುಕೊಂಡು ದಿನ ದೂಡುವುದು ನಾನು ಕಂಡ ತಪ್ಪುಗಳಲ್ಲಿ ಅತ್ಯಂತ ಅಪಾಯದ್ದು.

ಬಾಯಿ ತೆರೆದು ಕೂರುವುದು. ದೀಪದ ಕೆಳಗೆ, ಗಡ್ಡ ತಿಳಿಯಾಗಿ, ಮೈ ಸಡಿಲವಾಗಿದ್ದರೆ ಹೆಚ್ಚಾದ ಬಿಸಿ ಬಿಡುತ್ತಿದೆ ಅಷ್ಟೆ. ತಂಪು ಬದಿಯಲ್ಲೂ ಬಾಯಿ ತೆರೆದೇ ಇದ್ದರೆ, ಉಸಿರಿನಲ್ಲಿ ಸದ್ದು ಅಥವಾ ಬಾಯಲ್ಲಿ ಲೋಳೆ ಕಂಡರೆ ಉಸಿರಾಟದ ಸೋಂಕಿನ ಶಂಕೆ.

ಒಂದರ ಮೇಲೊಂದು ಮಲಗುವುದು. ಇದು ಅಪ್ಪುಗೆಯಲ್ಲ. ಮೇಲಿರುವುದು ಬಿಸಿಯನ್ನೂ ಯುವಿಬಿಯನ್ನೂ ಕಸಿದುಕೊಳ್ಳುತ್ತಿದೆ, ಕೆಳಗಿರುವುದಕ್ಕೆ ಎರಡೂ ಸಿಗುತ್ತಿಲ್ಲ. ಯುವಿಬಿ ಇಲ್ಲದೆ ಕ್ಯಾಲ್ಸಿಯಂ ಮೈಗೆ ಹತ್ತುವುದಿಲ್ಲ, ತಿಂಗಳುಗಳಲ್ಲಿ ಮೂಳೆ ಮೆತ್ತಗಾಗುತ್ತದೆ. ಜಗಳದ ಗಾಯ ಒಂದೂ ಇಲ್ಲದೆ ಪ್ರಾಣಿ ಹಾಳಾಗುವ ದಾರಿ ಇದು.

ಬಾಲ ಮೇಲಕ್ಕೆ ಬಾಗಿದ್ದರೆ ಪ್ರಾಣಿ ಚುರುಕಾಗಿದೆ, ಏನನ್ನೋ ಗಮನಿಸುತ್ತಿದೆ. ನಾಲಿಗೆಯಿಂದ ನೆಲ, ಕೊಂಬೆ, ಎದುರಿನ ಪ್ರಾಣಿಯನ್ನು ಮುಟ್ಟಿ ನೋಡುವುದು ವಾಸನೆ ಹಿಡಿಯುವ ಕ್ರಮ.

## ಹಂತ 4: ಗಂಡೋ ಹೆಣ್ಣೋ ಖಚಿತಪಡಿಸಿ

“ಜೋಡಿ” ಎಂದು ಕೊಂಡು ತಂದವು ಎರಡೂ ಗಂಡಾಗಿರುವುದು ತೀರಾ ಸಾಮಾನ್ಯ. ಆರು ತಿಂಗಳಿಗಿಂತ ಚಿಕ್ಕ ಮರಿಗಳಲ್ಲಿ ಯಾರೇ ಭರವಸೆ ಕೊಟ್ಟರೂ ನೆಚ್ಚಬೇಡಿ.

1. ಪ್ರಾಣಿಯನ್ನು ಅಂಗೈ ಮೇಲೆ ತಲೆ ನಿಮ್ಮ ವಿರುದ್ಧ ದಿಕ್ಕಿಗಿರುವಂತೆ, ಹೊಟ್ಟೆಗೆ ಪೂರ್ತಿ ಆಧಾರ ಸಿಗುವಂತೆ ಇಟ್ಟುಕೊಳ್ಳಿ. ಅಂಗಾತ ತಿರುಗಿಸಬೇಡಿ.
2. ಬಾಲವನ್ನು ಬುಡದ ಬಳಿ ಹಿಡಿದು ಮೆಲ್ಲಗೆ ಮೇಲಕ್ಕೆತ್ತಿ. ನೇರ ಲಂಬಕ್ಕಿಂತ ಮುಂದೆ ಬಗ್ಗಿಸಬೇಡಿ, ಬೆನ್ನುಮೂಳೆಗೆ ಪೆಟ್ಟಾಗುತ್ತದೆ.
3. ಮಲದ್ವಾರದ ಹಿಂದೆ, ಬಾಲದ ಬುಡದಲ್ಲಿ ನೋಡಿ. ಎರಡು ಉಬ್ಬು, ನಡುವೆ ತಗ್ಗು ಇದ್ದರೆ ಗಂಡು. ನಡುವೆ ಒಂದೇ ಉಬ್ಬಿದ್ದರೆ, ಅಥವಾ ಚಪ್ಪಟೆಯಾಗಿದ್ದರೆ ಹೆಣ್ಣು. ಪಕ್ಕದಿಂದ ಟಾರ್ಚ್ ಹಾಯಿಸಿದರೆ ನೆರಳು ಸ್ಪಷ್ಟ.
4. ತೊಡೆಯ ಒಳಬದಿಯ ರಂಧ್ರಗಳ ಸಾಲು ನೋಡಿ. ಬೆಳೆದ ಗಂಡಿನಲ್ಲಿ ದೊಡ್ಡದಾಗಿ, ಮೇಣದಂತಹ ವಸ್ತು ತುಂಬಿರುತ್ತದೆ. ಹೆಣ್ಣಿನಲ್ಲಿ ಸಣ್ಣವು.

ಮೇಲಿನ 3 ಮತ್ತು 4ನೆಯ ಪರೀಕ್ಷೆಗಳು ಒಂದೇ ಉತ್ತರ ಕೊಡದಿದ್ದರೆ ಒಂದೆರಡು ತಿಂಗಳು ಕಾದು ಮತ್ತೆ ನೋಡಿ.

## ಹಂತ 5: ಜೊತೆ ಬೇಕೇ ಎಂದು ತೀರ್ಮಾನಿಸಿ

ನನ್ನ ಉತ್ತರ ನೇರ: ಎರಡು ಬೆಳೆದ ಡ್ರ್ಯಾಗನ್‌ಗಳನ್ನು ಒಂದೇ ಟ್ಯಾಂಕಿನಲ್ಲಿ ಕಾಯಂ ಇಡಬೇಡಿ. ಎರಡು ಗಂಡು ಇದ್ದರೆ ಬೆರಳು, ಬಾಲ, ಕೆಲವೊಮ್ಮೆ ಜೀವವೇ ಹೋಗುತ್ತದೆ. ಗಂಡು ಹೆಣ್ಣು ಇದ್ದರೆ ಗಂಡು ಬಿಡುವಿಲ್ಲದೆ ಬೆನ್ನಟ್ಟುತ್ತದೆ, ಹೆಣ್ಣು ಮೊಟ್ಟೆಯ ಮೇಲೆ ಮೊಟ್ಟೆಯಿಟ್ಟು ಮೂಳೆಯ ಕ್ಯಾಲ್ಸಿಯಂ ಕರಗಿಸಿಕೊಳ್ಳುತ್ತದೆ. ಎರಡು ಹೆಣ್ಣು ಇದ್ದರೆ ಪರವಾಗಿಲ್ಲ ಎನ್ನುವುದೂ ನಿಜವಲ್ಲ. ತಿಂಗಳುಗಟ್ಟಲೆ ಶಾಂತವಾಗಿದ್ದು ಒಂದು ದಿನ ಕಚ್ಚಾಡುತ್ತವೆ. ಒಂಟಿ ಡ್ರ್ಯಾಗನ್‌ಗೆ ಬೇಸರವಾಗುತ್ತದೆ ಎಂಬ ಚಿಂತೆ ನಮ್ಮದು, ಅದರದ್ದಲ್ಲ.

ಈಗಾಗಲೇ ಜೊತೆಗಿಟ್ಟಿದ್ದರೆ ದಬ್ಬಾಳಿಕೆಗೆ ಒಳಗಾದದ್ದನ್ನು ಹೀಗೆ ಗುರುತಿಸಿ: ದೀಪದ ಕೆಳಗೆ ಬರುವುದಿಲ್ಲ, ಅಥವಾ ಇನ್ನೊಂದು ಎದ್ದುಹೋದ ಮೇಲೆ ಮಾತ್ರ ಬರುತ್ತದೆ. ಊಟಕ್ಕೆ ತಡವಾಗಿ ಬರುತ್ತದೆ. ಮೇಲಿಂದ ಮೇಲೆ ಕೈ ಬೀಸುತ್ತದೆ. ಹೊಟ್ಟೆಯ ಮೇಲೆ ಕಪ್ಪು ಗೆರೆಗಳು ಮೂಡುತ್ತವೆ. ಎರಡೂ ಒಂದೇ ವಯಸ್ಸಿನವಾಗಿದ್ದರೂ ತೂಕದ ಅಂತರ ವಾರವಾರಕ್ಕೂ ಹಿಗ್ಗುತ್ತದೆ. ಇವುಗಳಲ್ಲಿ ಎರಡು ಕಂಡರೂ ಇವತ್ತೇ ಬೇರೆ ಮಾಡಿ. “ಕಚ್ಚಿಲ್ಲವಲ್ಲ” ಎಂದು ಕಾಯಬೇಡಿ.

ಮರಿ ಮಾಡಿಸುವ ಉದ್ದೇಶವಿಲ್ಲದವರಿಗೆ ಕೆಲಸ ಇಲ್ಲಿಗೆ ಮುಗಿಯಿತು. ಒಂದು ಹೆಣ್ಣು ಒಂದು ಸಲಕ್ಕೆ ಸಾಮಾನ್ಯವಾಗಿ 15ರಿಂದ 30 ಮೊಟ್ಟೆಯಿಡುತ್ತದೆ, ಒಂದು ಋತುವಿನಲ್ಲಿ ಹಲವು ಸಲ. ಅಷ್ಟೂ ಮರಿಗಳಿಗೆ ದೀಪ, ಹುಳು, ಜಾಗ, ಆಮೇಲೆ ಒಳ್ಳೆಯ ಮನೆ ಹೊಂದಿಸಬಲ್ಲವರು ಮಾತ್ರ ಮುಂದಿನ ಹಂತಕ್ಕೆ ಹೋಗಿ.

## ಹಂತ 6: ಜೊತೆಗೂಡಿಸುವ ಮುಂಚಿನ ತಪಾಸಣೆ

ವಯಸ್ಸು, ತೂಕ. ಹೆಣ್ಣಿಗೆ ಕನಿಷ್ಠ 18 ತಿಂಗಳಾಗಿರಲಿ, 24 ಆದರೆ ಇನ್ನೂ ಒಳ್ಳೆಯದು. ತೂಕ 350 ಗ್ರಾಂಗಿಂತ ಮೇಲಿರಲಿ, ಆದರೆ ಅದು ಕೊಬ್ಬಿನ ತೂಕವಾಗಿರಬಾರದು. ಗಂಡು ವರ್ಷ ದಾಟಿರಲಿ. ಗಾತ್ರದಲ್ಲಿ ಎರಡರ ನಡುವೆ ದೊಡ್ಡ ಅಂತರ ಬೇಡ. ಒಡಹುಟ್ಟಿದವುಗಳನ್ನು ಕೂಡಿಸಬೇಡಿ.

ಕ್ವಾರಂಟೈನ್. ಹೊಸದಾಗಿ ಬಂದದ್ದನ್ನು 90 ದಿನ ಬೇರೆ ಕೋಣೆಯಲ್ಲಿಡಿ. ಇಕ್ಕಳ, ಬಟ್ಟಲು ಎಲ್ಲ ಬೇರೆಯಿರಲಿ, ಹಳೆಯದರ ಕೆಲಸ ಮುಗಿಸಿ ಹೊಸದರ ಹತ್ತಿರ ಹೋಗಿ. ಮಲ ಪರೀಕ್ಷೆಯಲ್ಲಿ ಕರುಳಿನ ಪರಾವಲಂಬಿಗಳಾದ ಕಾಕ್ಸಿಡಿಯಾ, ಪಿನ್‌ವರ್ಮ್ ನೋಡಿಸಿ. ಅಡೆನೊವೈರಸ್ ಎಂಬ ಸಾಂಕ್ರಾಮಿಕ ವೈರಸ್‌ಗೆ ಪಿಸಿಆರ್ ಪರೀಕ್ಷೆ (ವೈರಸ್‌ನ ಡಿಎನ್ಎ ಹುಡುಕುವ ಪರೀಕ್ಷೆ) ಇದೆ. ಸೋಂಕಿದ್ದರೂ ಗಟ್ಟಿಮುಟ್ಟಾಗಿ ಕಾಣುವ ಪ್ರಾಣಿಗಳಿರುತ್ತವೆ, ಒಂದೇ ಪರೀಕ್ಷೆಯಲ್ಲಿ ಸಿಕ್ಕಿಬೀಳದೆಯೂ ಇರಬಹುದು. ಆದ್ದರಿಂದ ಅವಧಿಯ ಆರಂಭದಲ್ಲೊಮ್ಮೆ, ಕೊನೆಗೊಮ್ಮೆ ಮಾಡಿಸಿ.

ಚಳಿಗಾಲದ ವಿಶ್ರಾಂತಿ. ಬೆಳೆದ ಡ್ರ್ಯಾಗನ್‌ಗಳು ಚಳಿಯಲ್ಲಿ ವಾರಗಟ್ಟಲೆ, ಕೆಲವೊಮ್ಮೆ ಎರಡು ಮೂರು ತಿಂಗಳು ಮಂಕಾಗಿ ಮಲಗುತ್ತವೆ. ಎದ್ದು ಚೆನ್ನಾಗಿ ತಿನ್ನಲು ಶುರುಮಾಡಿದ ಮೇಲೆ ಓಲೈಕೆಯ ಕಾಲ. ಎದ್ದ ತಕ್ಷಣ ಜೊತೆಗೂಡಿಸಬೇಡಿ. ಕೆಲವು ವಾರ ಉಣಿಸಿ, ಕ್ಯಾಲ್ಸಿಯಂ ಕೊಟ್ಟು, ತೂಕ ಹಳೆಯ ಮಟ್ಟಕ್ಕೆ ಬಂದ ಮೇಲೆ ನೋಡಿ.

## ಹಂತ 7: ಭೇಟಿ

ದೀಪ ಹತ್ತಿ ಒಂದೆರಡು ಗಂಟೆಯಾದ ಮೇಲೆ, ಎರಡರ ಮೈಯೂ ಕಾದಿರುವಾಗ ಶುರುಮಾಡಿ. ಹೊಟ್ಟೆ ತೀರಾ ತುಂಬಿರಬಾರದು. ಹೆಣ್ಣನ್ನು ಗಂಡಿನ ಟ್ಯಾಂಕಿಗೆ ಬಿಡಿ. ಹಾಗಾದರೆ ಹೆಣ್ಣಿನ ಸ್ವಂತ ಜಾಗ ಅದಕ್ಕೆ ಹಿಂತಿರುಗಲು ಸುರಕ್ಷಿತವಾಗಿ ಉಳಿಯುತ್ತದೆ. ಚೂಪಾದ ಕಲ್ಲು, ಸಿಕ್ಕಿಹಾಕಿಕೊಳ್ಳುವ ಸಂದಿ ಮೊದಲೇ ತೆಗೆದಿಡಿ. ಟವೆಲ್ ಕೈಯಲ್ಲೇ ಇರಲಿ, ನೀವು ಅಲ್ಲಿಂದ ಕದಲಬೇಡಿ.

ಸರಿದಾರಿಯಲ್ಲಿದ್ದರೆ ಕಾಣುವ ಕ್ರಮ ಹೀಗಿರುತ್ತದೆ. ಗಂಡಿನ ಗಡ್ಡ ಕಪ್ಪಾಗುತ್ತದೆ, ತಲೆ ಬಿರುಸಾಗಿ ಕುಣಿಯುತ್ತದೆ, ಕಾಲು ಬಡಿಯುತ್ತದೆ, ಹೆಣ್ಣಿನ ಸುತ್ತ ತಿರುಗಿ ನಾಲಿಗೆಯಿಂದ ಮುಟ್ಟಿ ನೋಡುತ್ತದೆ. ಹೆಣ್ಣು ನಿಧಾನವಾಗಿ ತಲೆ ತಗ್ಗಿಸುತ್ತದೆ, ಕೈ ಬೀಸುತ್ತದೆ, ತುಸು ಓಡಿ ನಿಲ್ಲುತ್ತದೆ. ಆ ನಿಲ್ಲುವಿಕೆಯನ್ನೇ ನೀವು ನೋಡಬೇಕಾದದ್ದು. ಒಪ್ಪಿದ ಹೆಣ್ಣು ಮೈ ನೆಲಕ್ಕೊತ್ತಿ ಬಾಲ ಎತ್ತಿ ಜಾಗ ಕೊಡುತ್ತದೆ. ಗಂಡು ಕತ್ತಿನ ಹಿಂಭಾಗದ ಚರ್ಮ ಕಚ್ಚಿ ಹಿಡಿದು ಮೇಲೇರಿ, ಬಾಲದ ಬುಡ ಕೆಳಗೆ ತಿರುಗಿಸುತ್ತದೆ. ಮಿಲನ ಕೆಲವು ಸೆಕೆಂಡುಗಳಿಂದ ಕೆಲವು ನಿಮಿಷಗಳವರೆಗೆ ಮಾತ್ರ. ಕತ್ತಿನ ಮೇಲೆ ಹಲ್ಲಿನ ಸಣ್ಣ ಗುರುತು ಉಳಿಯುವುದು ಸಹಜ, ರಕ್ತ ಸಹಜವಲ್ಲ.

ಕೈ ಬೀಸುವುದನ್ನು ‘ಒಪ್ಪಿಗೆ’ ಎಂದು ಓದುವವರೇ ಹೆಚ್ಚು, ಇಲ್ಲಿ ಎಡವುವವರೂ ಅವರೇ. ಹೆದರಿದ ಹೆಣ್ಣೂ ಕೈ ಬೀಸುತ್ತದೆ. ಬೀಸಿದ ಮೇಲೆ ನಿಂತಿತೋ, ಓಡಿತೋ ಎಂಬುದರಲ್ಲಿ ಉತ್ತರವಿದೆ.

ಇವುಗಳಲ್ಲಿ ಯಾವುದು ಕಂಡರೂ ಆ ದಿನದ ಭೇಟಿ ಮುಗಿಯಿತು:

- ಹೆಣ್ಣು ನಿಲ್ಲದೆ ಓಡುತ್ತದೆ, ಗಾಜು ಹತ್ತಲು ಪರದಾಡುತ್ತದೆ
- ಹೆಣ್ಣಿನ ಗಡ್ಡವೂ ಕಪ್ಪಾಗಿ ಉಬ್ಬುತ್ತದೆ, ಬಾಯಿ ತೆರೆದು ತಿರುಗಿ ನಿಲ್ಲುತ್ತದೆ
- ಕಾಲು, ಬಾಲ, ಮುಖಕ್ಕೆ ಕಚ್ಚುವುದು
- ಕತ್ತು ಹಿಡಿದು ಜಾಡಿಸುವುದು, ಉರುಳಿಸುವುದು
- 20 ನಿಮಿಷವಾದರೂ ಗಂಡು ಬೆನ್ನಟ್ಟುತ್ತಲೇ ಇರುವುದು

ಬಿಡಿಸುವಾಗ ಬರಿಗೈ ನಡುವೆ ಹಾಕಬೇಡಿ, ಕಚ್ಚಿ ಹಿಡಿದಿರುವಾಗ ಎಳೆಯಬೇಡಿ, ಚರ್ಮ ಹರಿಯುತ್ತದೆ. ಟವೆಲ್ ಗಂಡಿನ ತಲೆಯ ಮೇಲೆ ಹಾಕಿ ಕಣ್ಣು ಮುಚ್ಚಿಸಿ. ಹಿಡಿತ ಸಡಿಲವಾದಾಗ ಹೆಣ್ಣನ್ನು ಎತ್ತಿಕೊಳ್ಳಿ. ಮತ್ತೆ ಪ್ರಯತ್ನಿಸಲು ಕನಿಷ್ಠ ಕೆಲವು ದಿನ ಕಾಯಿರಿ. ಎರಡು ಮೂರು ಭೇಟಿಯಲ್ಲೂ ಹೆಣ್ಣು ಒಪ್ಪದಿದ್ದರೆ ಆ ಋತುವಿಗೆ ಕೈಬಿಡಿ.

## ಹಂತ 8: ಮಿಲನದ ನಂತರ

ಕೂಡಲೇ ಬೇರೆ ಮಾಡಿ. “ಇನ್ನೊಂದು ದಿನ ಇರಲಿ” ಎನ್ನುವ ಅಗತ್ಯವೇ ಇಲ್ಲ. ಹೆಣ್ಣು ವೀರ್ಯವನ್ನು ದೇಹದಲ್ಲೇ ಕಾಪಿಟ್ಟುಕೊಂಡು ಒಂದೇ ಮಿಲನದಿಂದ ಹಲವು ಸಲ ಫಲಿತ ಮೊಟ್ಟೆಯಿಡಬಲ್ಲದು.

ನಾಲ್ಕರಿಂದ ಆರು ವಾರದಲ್ಲಿ ಮೊಟ್ಟೆಯಿಡುತ್ತದೆ. ಹೊಟ್ಟೆ ತುಂಬುತ್ತದೆ, ಪಕ್ಕೆಯಲ್ಲಿ ದುಂಡನೆಯ ಉಬ್ಬುಗಳು ಕಾಣುತ್ತವೆ, ಊಟ ಕಡಿಮೆಯಾಗುತ್ತದೆ, ಮೂಲೆ ಕೆರೆಯಲು ಶುರುಮಾಡುತ್ತದೆ. ಅಷ್ಟರೊಳಗೆ ಅಗೆಯುವ ಪೆಟ್ಟಿಗೆ ಸಿದ್ಧವಿರಬೇಕು: ಮರಳು ಮತ್ತು ಗೊಬ್ಬರ ಬೆರೆಸದ ಮಣ್ಣಿನ ಮಿಶ್ರಣ, ಸುಮಾರು 30 ಸೆಂ.ಮೀ. ಆಳ, ಮುಷ್ಟಿಯಲ್ಲಿ ಹಿಡಿದರೆ ಉಂಡೆಯಾಗಿ ನಿಲ್ಲುವಷ್ಟು ತೇವ, ನೀರು ತೊಟ್ಟಿಕ್ಕುವಷ್ಟಲ್ಲ. ಒಣ ಮರಳಿನ ಸುರಂಗ ಕುಸಿಯುತ್ತದೆ, ಹೆಣ್ಣು ಅಗೆದು ಅಗೆದು ಸುಸ್ತಾಗಿ ಮೊಟ್ಟೆ ತಡೆಹಿಡಿಯುತ್ತದೆ. ಅಗೆಯುವಾಗ ಇಣುಕಬೇಡಿ.

ಗಂಡಿನ ಮುಖವನ್ನೇ ಕಾಣದ ಹೆಣ್ಣೂ ಬರಡು ಮೊಟ್ಟೆ ಇಡಬಹುದು. ಒಂಟಿ ಹೆಣ್ಣು ಸಾಕಿದವರಿಗೂ ಈ ಪೆಟ್ಟಿಗೆ ಬೇಕು.

ಅದೇ ದಿನ ವೈದ್ಯರ ಬಳಿ ಹೋಗಬೇಕಾದ ಗುರುತುಗಳು: ಒಂದೆರಡು ದಿನ ಅಗೆದರೂ, ತಿಣುಕಿದರೂ ಮೊಟ್ಟೆ ಬಾರದಿರುವುದು, ಕೆಲವೇ ಇಟ್ಟು ಹೊಟ್ಟೆ ಇನ್ನೂ ಉಬ್ಬಿರುವುದು, ಹಿಂಗಾಲು ಎಳೆಯುವುದು, ಕಣ್ಣು ಗುಳಿ ಬೀಳುವುದು, ಕೈಕಾಲು ನಡುಗುವುದು, ಗಡ್ಡ ಕಪ್ಪಾಗಿಯೇ ಉಳಿಯುವುದು. ಮೊಟ್ಟೆ ಸಿಕ್ಕಿಕೊಂಡಿದೆಯೆಂಬ ಶಂಕೆ ಇವುಗಳಿಂದ ಬರುತ್ತದೆ. ಮನೆಯಲ್ಲಿ ಹೊಟ್ಟೆ ಒತ್ತಿ ಹೊರತೆಗೆಯಲು ಹೋದರೆ ಮೊಟ್ಟೆ ಒಳಗೇ ಒಡೆದು ಪ್ರಾಣಿ ಸಾಯಬಹುದು. ಸರೀಸೃಪ ನೋಡುವ ವೈದ್ಯರು ಎಲ್ಲಿದ್ದಾರೆ ಎಂಬುದನ್ನು ಆರನೆಯ ಹಂತದಲ್ಲೇ ಗೊತ್ತುಮಾಡಿಕೊಂಡಿರಿ.

ಮೊಟ್ಟೆಯಿಟ್ಟ ಹೆಣ್ಣು ಬಡಕಲಾಗಿರುತ್ತದೆ. ನೀರು, ಕ್ಯಾಲ್ಸಿಯಂ ಹಚ್ಚಿದ ಹುಳು, ಬಿಸಿ ಜಾಗ, ಏಕಾಂತ ಕೊಡಿ. ವಾರಕ್ಕೆರಡು ಸಲ ತೂಕ ನೋಡಿ.

ಮೊಟ್ಟೆ ಬೆಳೆಸುವುದಾದರೆ ಮೇಲ್ಭಾಗಕ್ಕೆ ಪೆನ್ಸಿಲ್ ಗುರುತು ಹಾಕಿ, ತಿರುಗಿಸದೆ ಎತ್ತಿ, 28ರಿಂದ 29 ಡಿಗ್ರಿಯಲ್ಲಿಡಿ. ಸುಮಾರು 55ರಿಂದ 75 ದಿನದಲ್ಲಿ ಮರಿ ಬರುತ್ತದೆ. ಬಿಸಿ 32 ಡಿಗ್ರಿ ದಾಟಿದರೆ ಈ ಜಾತಿಯಲ್ಲಿ ವಂಶವಾಹಿಯಿಂದ ಗಂಡಾಗಬೇಕಿದ್ದ ಭ್ರೂಣ ಹೆಣ್ಣಾಗಿ ಬೆಳೆಯಬಹುದು. ಹುಟ್ಟಿದ ಮರಿಗಳು ಒಂದರ ಬೆರಳು, ಬಾಲ ಇನ್ನೊಂದು ಕಚ್ಚಿ ತುಂಡರಿಸುತ್ತವೆ, ಗಾತ್ರ ನೋಡಿ ಬೇಗ ಬೇರ್ಪಡಿಸಿ.

ಬೇಡದ ಮೊಟ್ಟೆಗಳನ್ನು ಇಟ್ಟ ದಿನವೇ ಫ್ರೀಜರ್‌ಗೆ ಹಾಕಿ, ಪೂರ್ತಿ ಗಟ್ಟಿಯಾದ ಮೇಲೆ ವಿಲೇವಾರಿ ಮಾಡಿ. ತಡಮಾಡಿದಷ್ಟೂ ಒಳಗೆ ಭ್ರೂಣ ಬೆಳೆಯುತ್ತದೆ. ಅಗೆಯುವ ಪೆಟ್ಟಿಗೆಯನ್ನು ಎತ್ತಿಡಬೇಡಿ, ಮುಂದಿನ ಮೊಟ್ಟೆಗಳು ಮೂರರಿಂದ ಆರು ವಾರದೊಳಗೆ ಬರಬಹುದು.